ಡೀಲಿಯಾ ಅತ್ತೆಯ ಸಂಖ್ಯೆ

ಋಷಿಮೂಲ, ನದೀಮೂಲ ಹುಡುಕಬಾರದು ಎನ್ನುತ್ತಾರೆ. ಚೀಸ್ ಮಾಡುವವರ ಮೂಲವನ್ನೂ ಹುಡುಕಬಾರದು ಎಂದು ನನಗೆ ಯಾರೂ ಹೇಳಿರಲಿಲ್ಲ. ಹೇಳಿದ್ದರೂ ನಾನು ಕೇಳುವವಳಲ್ಲ. ಮೂವತ್ತೊಂದು ವರ್ಷ ಶಾಲೆಯಲ್ಲಿ ಮಕ್ಕಳ ಸುಳ್ಳುಗಳ ಬುಡ ಶೋಧಿಸಿ ನಿವೃತ್ತಳಾದವಳು.

ನಮ್ಮದು ವಿಸ್ಕಾನ್ಸಿನ್ನಿನ ಕುಂಡರ್ಟ್ ಮನೆತನ. 1847ರಲ್ಲಿ ಸ್ವಿಟ್ಜರ್ಲೆಂಡಿನ ಬೆಟ್ಟದೂರೊಂದರಿಂದ ಏಳು ವರ್ಷದ ಹುಡುಗನಾಗಿ ಬಂದ ಬಾಲ್ಟಸ್ ಕುಂಡರ್ಟ್, ಮುಂದೆ ಒಂದೇ ಒಂದು ತಾಮ್ರದ ಕೊಪ್ಪರಿಗೆಯಿಂದ ಚೀಸ್ ಕಾರ್ಖಾನೆ ಶುರುಮಾಡಿದ. ಅವನಿಗೆ ಆರು ಮಕ್ಕಳು. ಆಗಸ್ಟಿನ ಎರಡನೆಯ ಭಾನುವಾರ ಆ ಆರೂ ಕವಲಿನವರು ಊರಿನ ಪಾರ್ಕಿನಲ್ಲಿ ಸೇರುತ್ತೇವೆ. ಕವಲಿಗೊಂದು ಬಣ್ಣದ ಅಂಗಿ, ಎದೆಯ ಮೇಲೆ ಸಂಖ್ಯೆ. ನಮ್ಮಜ್ಜ ಯೋಸ್ಟ್ ನಾಲ್ಕನೆಯವನು, ನಮ್ಮದು ಹಸಿರು. ಅಜ್ಜನ ಮೂರನೆಯ ಸಂತಾನ ನಮ್ಮಪ್ಪ ಎಮಿಲ್, ಅಪ್ಪನ ಹಿರಿಯ ಮಗ ನನ್ನಣ್ಣ ವೆರ್ನರ್. ಹಾಗಾಗಿ ಅಣ್ಣ ನಾಲ್ಕು-ಮೂರು-ಒಂದು. ಅದನ್ನು ಕಾರಿನ ಹಿಂದೆಯೂ ಬರೆಸಿಕೊಂಡಿದ್ದಾನೆ. ಸೊಸೆಯಂದಿರಿಗೆ, ಅಳಿಯಂದಿರಿಗೆ ಬಿಳಿ ಅಂಗಿ. ಅವರಿಗೂ ಸಂಖ್ಯೆ ಉಂಟು, ಪಕ್ಕದಲ್ಲಿ ಒಂದು ಅಕ್ಷರ ಹೆಚ್ಚು, ಅಷ್ಟೆ.

ಡೀಲಿಯಾ ಅತ್ತೆಗೆ ಮಾತ್ರ ಬಣ್ಣವೂ ಇಲ್ಲ, ಸಂಖ್ಯೆಯೂ ಇಲ್ಲ. ಅವಳು 1912ರಲ್ಲಿ ನ್ಯೂಯಾರ್ಕಿನ ಅನಾಥ ಮಕ್ಕಳನ್ನು ಊರೂರಿಗೆ ಹಂಚುತ್ತ ಬಂದ ರೈಲಿನಿಂದ ಇಳಿದವಳು. ಸ್ಟೇಷನ್ನಿಗೆ ಚೀಸ್ ಹಾಕಲು ಹೋಗಿದ್ದ ಮುದುಕ ಬಾಲ್ಟಸ್, ಆ ನಾಲ್ಕು ವರ್ಷದ ಐರಿಷ್ ಹುಡುಗಿಯನ್ನು ಗಾಡಿಯಲ್ಲಿ ಕೂರಿಸಿಕೊಂಡು ಬಂದು ಮಗ ಯೋಸ್ಟನ ಮನೆಗೆ ಒಪ್ಪಿಸಿದನಂತೆ. ದತ್ತಕದ ಕಾಗದ ಯಾರೂ ಮಾಡಿಸಲಿಲ್ಲ. ನಮ್ಮಪ್ಪನ ಜೊತೆ ಒಂದೇ ತಟ್ಟೆಯಲ್ಲಿ ಉಂಡು ಬೆಳೆದಳು. ಮದುವೆಯಾಗಲಿಲ್ಲ. ಐವತ್ತು ವರ್ಷ ಕಾರ್ಖಾನೆಯ ನೆಲಮಾಳಿಗೆಯಲ್ಲಿ, ಗಾಡಿಚಕ್ರದಂತೆ ದುಂಡಗಿನ ಚೀಸಿನ ದೊಡ್ಡ ಗಾಲಿಗಳನ್ನು ಬೆರಳಗೆಣ್ಣಿನಿಂದ ತಟ್ಟಿ, ಒಳಗೆ ಆ ಚೀಸಿಗೆ ಇರಲೇಬೇಕಾದ ತೂತುಗಳು ಸರಿಯಾಗಿ ಬಿದ್ದಿವೆಯೇ ಎಂದು ಸದ್ದಿನಿಂದಲೇ ಹೇಳಿದಳು. ಅವಳು ತಲೆಯಾಡಿಸದೆ ಒಂದು ಗಾಲಿಯೂ ಹೊರಗೆ ಹೋಗುತ್ತಿರಲಿಲ್ಲ. ಕುಟುಂಬ ಸೇರುವ ದಿನ ಮಾತ್ರ ಬೆಳಗಿನಿಂದ ಸಂಜೆಯವರೆಗೆ ಅಡುಗೆಯ ಚಪ್ಪರದಲ್ಲಿ ಆಲೂಗಡ್ಡೆ ಸಲಾಡ್ ಕಲಸುತ್ತ ನಿಂತಿರುತ್ತಿದ್ದಳು. ಏಪ್ರನ್ ತೊಟ್ಟವಳ ಎದೆಯಲ್ಲಿ ಯಾರೂ ಸಂಖ್ಯೆ ಹುಡುಕುವುದಿಲ್ಲ. ಇದು ನನ್ನ ತಲೆಗೆ ಹೊಳೆದದ್ದು ಐವತ್ತೆಂಟನೆಯ ವಯಸ್ಸಿನಲ್ಲಿ. ಹೇಳಿಕೊಳ್ಳಲು ನಾಚಿಕೆಯಾಗುತ್ತದೆ.

ಹೊಳೆಯುವಂತೆ ಮಾಡಿದವಳೂ ಅವಳೇ. 1990ರ ಚಳಿಗಾಲದಲ್ಲಿ ನಾನು ಮನೆತನದ ಪುಸ್ತಕ ಬರೆಯಲು ಕೂತಿದ್ದೆ. ಎಂಬತ್ತೆರಡರ ಡೀಲಿಯಾ ಅತ್ತೆ ಬಂದು ಟೈಪ್ ಮಾಡಿದ ಹಾಳೆಗಳನ್ನು ಒಂದೊಂದಾಗಿ ತಿರುವಿದಳು.

"ಇದ್ರಲ್ಲಿ ನಾನೆಲ್ಲಿದೀನೇ, ಲೀನಾ?"

ಕೊನೆಯ ಪುಟದಲ್ಲಿ, ನೆರವಾದವರ ಪಟ್ಟಿಯಲ್ಲಿ ಎಂದೆ.

"ಸಾಸೇಜ್ ಅಂಗಡಿಯವನ ಹೆಸರೂ ಅಲ್ಲೇ ತಾನೆ ಇರೋದು?" ಎಂದಳು. ಹಾಳೆಗಳನ್ನು ಜೋಡಿಸಿಟ್ಟು, "ಸಾಯೋಕ್ ಮುಂಚೆ ಒಂದ್ ಸಲ ಆ ಹಸಿರು ಅಂಗಿ ಹಾಕ್ಕೋಬೇಕು ಕಣೆ. ನಂಬರ್ ಇರೋದು" ಎಂದಳು.

ಸಂಖ್ಯೆ ಕೊಡುವ ಅಧಿಕಾರ ಮನೆತನದ ಸಂಘದ ಅಧ್ಯಕ್ಷನಾದ ವೆರ್ನರ್ ಅಣ್ಣನದು. ಹೋಗಿ ಕೇಳಿದೆ. ಅವನು ನಿಯಮಾವಳಿ ತೆಗೆದು ಮೂರನೆಯ ಕಲಮು ಓದಿದ: ಬಾಲ್ಟಸನ ರಕ್ತಸಂತಾನ ಮತ್ತು ಅವರನ್ನು ಮದುವೆಯಾದವರು. ಅತ್ತೆಯ ಮೇಲೆ ತನಗೂ ಪ್ರೀತಿಯೇ, ಆದರೆ ಇವತ್ತು ಒಬ್ಬರಿಗೆ ಬಾಗಿಲು ತೆರೆದರೆ ನಾಳೆ ಹಾಲಿನ ಗಾಡಿಯವನೂ ಬಂದು ನಿಲ್ಲುತ್ತಾನೆ ಎಂದ. "ಹುಟ್ಟುಗುಣ ಸುಟ್ರೂ ಹೋಗಲ್ಲ ಲೀನಾ. ಚೀಸು ನಮ್ಮ ರಕ್ತದಲ್ಲಿದೆ." ಹೀಗೆಂದವನು ಜೀವವಿಮೆ ಮಾರುವವನು, ಚೀಸಿನ ಗಾಲಿಯನ್ನೂ ಸೋಪಿನ ಗಡ್ಡೆಯನ್ನೂ ಕಣ್ಣು ಕಟ್ಟಿ ಕೊಟ್ಟರೆ ಎರಡನ್ನೂ ಬ್ರೆಡ್ಡಿಗೆ ಹಚ್ಚಿಕೊಳ್ಳುವಂಥವನು. ನನಗೆ ಮೈಯೆಲ್ಲ ಉರಿದು ಹೋಯಿತು. ಅತ್ತೆಗೆ ಹೇಳಿದಾಗ ಅವಳು "ಹೋಗ್ಲಿ ಬಿಡು" ಎಂದಳಷ್ಟೆ. ಆ ವಾರ ಅವಳು ಚರ್ಚಿಗೆ ಬರಲಿಲ್ಲ.

ಮೇ ತಿಂಗಳಲ್ಲಿ ಬಾಲ್ಟಸನ ಹುಟ್ಟೂರಿನ ಗುಮಾಸ್ತರಿಂದ ಕಾಗದ ಬಂತು. ಜ್ಞಾನಸ್ನಾನದ ದಿನಾಂಕವೊಂದನ್ನೇ ಕೇಳಿ ಬರೆದಿದ್ದೆ. ಪುಣ್ಯಾತ್ಮರು ಊರ ಪಂಚಾಯಿತಿಯ ಹಳೆಯ ನಡಾವಳಿಯನ್ನೂ ನಕಲು ಮಾಡಿ ಕಳಿಸಿದ್ದರು. ಫ್ರಿಡೊಲಿನ್ ಕುಂಡರ್ಟನ ಮಗ ಬಾಲ್ಟಸ್, ಏಳು ವರ್ಷ, 1847ರ ಮಾರ್ಚಿನಲ್ಲಿ ಗಂಟಲು ಬೇನೆಯಿಂದ ತೀರಿಕೊಂಡ. ಏಪ್ರಿಲ್ಲಿನಲ್ಲಿ ಹೊರಡಲಿದ್ದ, ಊರಿನ ಬಡವರನ್ನು ಅಮೆರಿಕಕ್ಕೆ ಕಳಿಸುವ ಹಡಗಿಗೆ ಅವನ ಹೆಸರಿನಲ್ಲಿ ಮೊದಲೇ ಜಾಗ ಕೊಂಡಾಗಿತ್ತು. ಕೊಂಡ ಜಾಗ ವ್ಯರ್ಥವಾಗಬಾರದೆಂದು, ಊರಿನ ಆಶ್ರಯದಲ್ಲಿದ್ದ ಮರಕಡಿಯುವವನೊಬ್ಬನ ಅದೇ ವಯಸ್ಸಿನ ಅನಾಥ ಮಗನನ್ನು ಸತ್ತವನ ಹೆಸರಿನಲ್ಲೇ ಕಳಿಸಲಾಯಿತು. ಪಕ್ಕಾ ನಮ್ಮ ಜನ! ಹೆಣ ಮಣ್ಣಾಗುವ ಮೊದಲೇ ಟಿಕೆಟ್ಟಿನ ಚಿಂತೆ. ಆ ಹುಡುಗನ ನಿಜವಾದ ಹೆಸರೇನೆಂದು ನಡಾವಳಿಯಲ್ಲಿ ಬರೆದಿರಲಿಲ್ಲ.

ಕಾಗದವನ್ನು ಮೂರು ಸಲ ಓದಿದೆ. ಮೊದಲ ಸಲ ನಗು ಬಂತು, ಎರಡನೆಯ ಸಲ ಅಳು. ಮೂರನೆಯ ಸಲ ಓದಿ ಮುಗಿಸಿದವಳೇ ಅತ್ತೆಯನ್ನು ಕಾರಿನಲ್ಲಿ ಕೂರಿಸಿಕೊಂಡು ಅಣ್ಣನ ಮನೆಗೆ ಹೋದೆ. ಗೆಲ್ಲಲಿಕ್ಕೇ ಹೋಗಿದ್ದೆ, ಅದರಲ್ಲೇನೂ ಮುಚ್ಚುಮರೆಯಿಲ್ಲ.

ಅಡುಗೆಮನೆಯ ಮೇಜಿನ ಮುಂದೆ ಕೂತು ಓದಿದ ಅಣ್ಣನ ಮುಖ ಇಂಗು ತಿಂದ ಮಂಗನಂತಾಯಿತು. "ಹಾಗಾದ್ರೆ ನಾವು ಕುಂಡರ್ಟರೇ ಅಲ್ವಾ?" ಎಂದ. ಅತ್ತೆ ಎಷ್ಟು ಕುಂಡರ್ಟೋ ನಾವೂ ಅಷ್ಟೇ, ಅವಳಿಗಿಂತ ಒಂದು ಗುಲಗಂಜಿಯೂ ಹೆಚ್ಚಿಲ್ಲ ಎಂದೆ.

ಅತ್ತೆ ನಮ್ಮಿಬ್ಬರ ಕಡೆಯೂ ನೋಡುತ್ತಿರಲಿಲ್ಲ. ಕಾಗದದ ಮೇಲೆ ಕೈಯಿಟ್ಟುಕೊಂಡು ಕೂತಿದ್ದಳು.

"ಸ್ಟೇಷನ್ನಿಂದ ಬರ್ತಾ ಗಾಡೀಲಿ ಮುದುಕ ಒಂದು ಮಾತು ಕೇಳಿದ್ದ" ಎಂದಳು. "ಡೀಲಿಯಾ ಫೀನಿ ಅನ್ನೋದು ನಿಂದೇ ಹೆಸರಾ, ಬೇರೆಯವರದ್ದಾ, ಅಂತ. ಎಂಥ ಪ್ರಶ್ನೆ ಅಂದ್ಕೊಂಡೆ. ನಂದೇ ಅಂದೆ. ಹಾಗಾದ್ರೆ ಇಟ್ಕೋ, ಯಾರು ಬದಲಾಯಿಸ್ತೀನಿ ಅಂದ್ರೂ ಬಿಡಬೇಡ ಅಂದ. ಯೋಸ್ಟ್ ದತ್ತಕದ ಕಾಗದ ಮಾಡಿಸೋಕೆ ಹೊರಟಾಗ, ಹೆಸರು ಕುಂಡರ್ಟ್ ಅಂತ ಆಗತ್ತೆ ಅಂತ ಗೊತ್ತಾಗಿ, ಮುದುಕ ಹರಿದುಹಾಕಿದ್ನಂತೆ."

ಕಾಗದವನ್ನು ಮಡಿಸಿ ಅಣ್ಣನ ಮುಂದೆ ಇಟ್ಟಳು.

"ಎಪ್ಪತ್ತೆಂಟು ವರ್ಷ ಕಣೋ ವೆರ್ನರ್. ನಾನು ಇವರಿಗೆ ಬೇಡವಾಗಿದ್ದೆ, ಅದಕ್ಕೇ ಹರಿದ ಅಂದ್ಕೊಂಡಿದ್ದೆ."

ನನ್ನ ಗೆಲುವೆಲ್ಲ ಎಲ್ಲಿ ಹೋಯಿತೋ. ಅಣ್ಣ ಎದ್ದು ಮೂಗು ಒರೆಸಿಕೊಂಡು, ಒಳಗಿನಿಂದ ವಂಶವೃಕ್ಷದ ದೊಡ್ಡ ಹಾಳೆ ತಂದು ಮೇಜಿನ ಮೇಲೆ ಹರಡಿದ. ನಿಯಮಾವಳಿಯ ಸುದ್ದಿ ಎತ್ತಲಿಲ್ಲ. ಯೋಸ್ಟ್ ಅಜ್ಜನ ಐದು ಮಕ್ಕಳ ಸಾಲಿನ ಕೊನೆಗೆ ಪೆನ್ಸಿಲಿನಲ್ಲಿ ದುಂಡಗೆ ಬರೆದ: ಡೀಲಿಯಾ ಫೀನಿ, ನಾಲ್ಕು-ಆರು. ಬರೆದು ಅತ್ತೆಯ ಕಡೆ ತಿರುಗಿಸಿದ. ನನಗೆ ಹೊಟ್ಟೆಗೆ ಹಾಲು ಹೊಯ್ದಂತಾಯಿತು.

ಅತ್ತೆ ಕನ್ನಡಕ ಹಾಕಿಕೊಂಡು ಬಗ್ಗಿ ನೋಡಿದಳು.

"ಆರು ಯಾಕೆ? ಎಮಿಲ್‌ಗಿಂತ ಎರಡು ತಿಂಗಳು ದೊಡ್ಡವಳು ನಾನು."

ಹಾಗೆ ಮಾಡಿದರೆ ಅವಳು ನಾಲ್ಕು-ಮೂರು ಆಗುತ್ತಾಳೆ, ನಮ್ಮಪ್ಪ ನಾಲ್ಕು-ನಾಲ್ಕಕ್ಕೆ ಇಳಿಯುತ್ತಾನೆ, ಅಲ್ಲಿಂದ ಕೆಳಗೆ ನಲವತ್ತೇಳು ಜನರ ಸಂಖ್ಯೆ ಬದಲಾಗುತ್ತದೆ, ತನ್ನದೂ ಸೇರಿ, ಎಂದು ಅಣ್ಣ ಬೆರಳು ಮಡಿಸಿ ವಿವರಿಸಿದ. ಅಲ್ಲದೆ, ಎರಡೇ ತಿಂಗಳ ಅಂತರದಲ್ಲಿ ಇಬ್ಬರನ್ನು ಹೆತ್ತಳೆಂದು ಓದಿದವರು ಅಜ್ಜಿಯ ಬಗ್ಗೆ ಏನೆಂದುಕೊಂಡಾರು ಎಂದ.

"ಗಟ್ಟಿಗಿತ್ತಿ ಅಂದ್ಕೋತಾರೆ" ಎಂದಳು ಅತ್ತೆ. "ಅಳಿಸು."

ಅಣ್ಣ ನನ್ನ ಮುಖ ನೋಡಿದ. ನಾನು ರಬ್ಬರು ಮುಂದೆ ತಳ್ಳಿದೆ. ಅವನು ನಿಟ್ಟುಸಿರು ಬಿಟ್ಟು ತನ್ನ ಸಂಖ್ಯೆಯಿಂದಲೇ ಅಳಿಸಲು ಶುರುಮಾಡಿದ. ಕೊನೆಯ ಹೆಸರು ಸರಿಹೋಗುವವರೆಗೂ ಡೀಲಿಯಾ ಅತ್ತೆ ಅವನ ಪಕ್ಕದಿಂದ ಏಳಲಿಲ್ಲ.