ಮುಂಬಾಗಿಲಿಂದ ಹೋದ ಗೂಢಚಾರಿಣಿ

ಸಿಂಧನೂರಿನ ಬಾಲಪ್ಪನವರು ತಮ್ಮನ್ನು ತಾವು ಭಾರಿ ಸುಧಾರಿಸಿದ ಮನುಷ್ಯ ಎಂದುಕೊಂಡಿದ್ದರು. ಕನ್ಯಾ ನೋಡುವ ಶಾಸ್ತ್ರಕ್ಕೆ ನಮ್ಮ ಮನೆಗೆ ಬರದೆ, ಮಗನ ವಿಡಿಯೊ ಗೇಮ್ ಅಂಗಡಿಗೇ ನಮ್ಮನ್ನು ಕರೆಸಿಕೊಂಡರು. "ಹುಡುಗೀನೂ ಹುಡುಗನ ಧಂದೆ ನೋಡ್ಲಿರಿ, ಈಗ ತೊಂಬತ್ತೊಂಬತ್ತನೇ ಇಸ್ವಿ" ಎಂದು ಹೇಳಿ ಕಳಿಸಿದ್ದರಂತೆ. ನನ್ನ ಅಪ್ಪ ಆದಪ್ಪ ಆ ಮಾತಿಗೇ ಕರಗಿ ನೀರಾಗಿದ್ದ. ನನಗೆ ಬೇಕಾಗಿದ್ದುದು ಬೇರೆಯೇ. ಸಂತೆಕಲ್ಲೂರಿನಿಂದ ದಿನಾ ಬಸ್ಸು ಹಿಡಿದು ಲಿಂಗಸುಗೂರಿನಲ್ಲಿ ಟೈಪಿಂಗ್ ಕಲಿಯುತ್ತಿದ್ದೆ. ಪರೀಕ್ಷೆ ಪಾಸಾದರೆ ನೌಕರಿಗೆ ಅರ್ಜಿ ಹಾಕಬಹುದಿತ್ತು. ಮದುವೆಯಾದರೆ ಅದು ತಪ್ಪಿಹೋಗುತ್ತದೆ ಎಂಬುದೊಂದೇ ನನ್ನ ಭಯ.

ವರ ವೆಂಕೋಬ ಕಂಪ್ಯೂಟರಿನ ಮುಂದೆ ಸಿಂಹಾಸನವೇರಿದವನ ಹಾಗೆ ಕೂತಿದ್ದ. ಹೈದರಾಬಾದಿನಿಂದ ತಂದ ಹೊಸ ಆಟವಂತೆ. ತನ್ನ ತಾಯಿಯನ್ನು ಕೊಂದ ಸೇನಾಧಿಕಾರಿಯ ಮೇಲೆ ಸೇಡು ತೀರಿಸಿಕೊಳ್ಳಲು ಒಬ್ಬ ಗೂಢಚಾರಿಣಿ ಅವನ ಕೋಟೆಯೊಳಗೆ ಕದ್ದು ಹೋಗಬೇಕು. ಕಾವಲುಗಾರನ ಕಣ್ಣಿಗೆ ಬಿದ್ದರೆ ಸೈರನ್ ಕೂಗುತ್ತದೆ, ಆಕೆ ಸತ್ತಂತೆ. ಇಷ್ಟನ್ನೂ ತಾನೇ ವಿವರಿಸಿದ ಈ ಜಾಣ, ಆಕೆಯನ್ನು ನೆಟ್ಟಗೆ ಮುಂಬಾಗಿಲಿಗೇ ನಡೆಸಿದ. ಸೈರನ್ ಕೂಗಿತು. ಮತ್ತೆ ನಡೆಸಿದ, ಮತ್ತೆ ಕೂಗಿತು.

"ಗ್ವಾಡಿ ಬಾಜೂಕ ನಿಂದ್ರಸ್ರಿ" ಎಂದೆ, ತಡೆಯಲಾಗದೆ.

"ಗ್ವಾಡಿಗೆ ಅಂಟ್ಕೊಂಡು ಹೋಗಾಕ ನಾವು ಹಲ್ಲಿ ಏನು? ಗಂಡಸಾದಾಂವ ಮುಂದಿನ ಬಾಗಲಲೇ ಹೋಗಬೇಕು" ಎಂದು ಮೀಸೆ ತಿರುವಿದ.

ಪರದೆಯ ಮೇಲಿದ್ದವಳು ಹೆಂಗಸು ಎಂಬುದು ಅವನ ಗಮನಕ್ಕೇ ಬಂದಿರಲಿಲ್ಲ. ಇವನ ಮೀಸೆಯ ಭಾರ ಹೊತ್ತು ಆ ಬಡಪಾಯಿ ಸಾಯುತ್ತಲೇ ಇದ್ದಳು. ಕೊನೆಗೆ "ಹೆಣ್ಣು ಜಾತಿ, ಇದರ ಕೈಲೆ ಏನಾಗ್ತದ" ಎಂದು ಅವಳನ್ನೇ ಬೈದು ಎದ್ದ.

ನಾನು ಕೂತೆ. ಟೈಪಿಂಗಿನ ಕೈಗೆ ಕೀಲಿಗಳೇನೂ ಹೊಸವಲ್ಲ. ಕಾವಲುಗಾರ ಸಿಗರೇಟು ಹಚ್ಚಲು ತಲೆ ಬಗ್ಗಿಸುವವರೆಗೆ ಕಾದು, ಅವಳನ್ನು ನೆರಳಲ್ಲಿ ದಾಟಿಸಿದೆ. ಇಬ್ಬರು ಮಾತಿಗೆ ನಿಂತಾಗ ಅವರ ಬೆನ್ನ ಹಿಂದೆಯೇ ಕರೆದೊಯ್ದೆ. ಸೇನಾಧಿಕಾರಿ ಕೂತ ಕುರ್ಚಿಯಲ್ಲೇ ಮುಗಿದುಹೋದ. ನನಗಾದ ಖುಷಿ ಅಷ್ಟಿಷ್ಟಲ್ಲ.

ಬಾಲಪ್ಪನವರ ಸುಧಾರಣೆಯೂ ಅಲ್ಲಿಗೇ ಮುಗಿಯಿತು. "ಆದಪ್ಪನೋರ, ಇಷ್ಟು ಚೆಂದ ಕಣ್ಣು ತಪ್ಪಿಸಾಕ ಬರೋ ಹುಡುಗಿ ನಮ್ಮ ಮನ್ಯಾಗಿಂದ ಯಾವಾಗ ಹೊರಗ ಬಿದ್ಲು ಅಂತ ಯಾರಿಗೆ ಗೊತ್ತಾಗ್ತದರಿ? ಮೊದಲು ಆ ಟೈಪಿಂಗ್ ಬಿಡಸ್ರಿ. ಒಂದು ವರ್ಷ ಮನ್ಯಾಗ ಇಟ್ಕೋರಿ. ಆಮ್ಯಾಲ ಮಾತಾಡೋಣು."

ಅಪ್ಪ ಹೂಂ ಎಂದುಬಿಟ್ಟ.

ಬಸ್ಸು ಮಸ್ಕಿ ದಾಟಿತು. ಅಪ್ಪ ಸಿಡಿದ. "ಸೂಗಮ್ಮ, ನಾಳಿಂದ ಲಿಂಗಸುಗೂರು ಬಂದ್. ಎಲ್ಲಿ ಕಲ್ತಿ ಬೇ ಈ ಕಳ್ಳ ಹೆಜ್ಜಿ?"

"ನಮ್ಮೂರ ಕಟ್ಟೀ ಮುಂದ. ನೀವೆಲ್ಲ ಕುಂತಿರ್ತೀರಿ. ಹೆಣಮಕ್ಕಳು ಚಪ್ಪಲಿ ಕೈಯಾಗ ಹಿಡಕೊಂಡು, ತಲಿ ತಗ್ಗಿಸಿ, ಸಪ್ಪಳಾಗದಂಗ ಹೋಗಬೇಕಂತ ನೀನ ಹೇಳೀದಿ. ದಿನಾ ಹಂಗ ಹಾದು ಹೋಗ್ತೀನಿ. ಒಂದ ಸಲರ ನನ್ನ ನೋಡೀಯೇನು?"

ಅಪ್ಪ ಕಿಟಕಿಯ ಕಡೆ ಮುಖ ತಿರುಗಿಸಿದ. ನನಗೆ ಅವನೆದುರು ಅಳಲು ಮನಸ್ಸಾಗಲಿಲ್ಲ.

ಊರಲ್ಲಿ ಇಳಿದಾಗ ಕಟ್ಟೆ ತುಂಬಿತ್ತು. ದಿಲ್ಲಿಯ ಆಗುಹೋಗುಗಳನ್ನೆಲ್ಲ ಬಲ್ಲ ಆ ಪಂಡಿತರು ಎಲೆ ಅಡಿಕೆ ಜಗಿಯುತ್ತಿದ್ದರು. ನಾನು ಚಪ್ಪಲಿ ಕಳಚಲಿಲ್ಲ. ತಲೆಯೆತ್ತಿ, ಪಟಪಟ ಸದ್ದು ಮಾಡುತ್ತ ನಡುದಾರಿಯಲ್ಲೇ ನಡೆದೆ. ಅಪ್ಪ ಹಿಂದಿದ್ದ. ನಮ್ಮ ಗೋಡೆಗೆ ಗೋಡೆ ಹಚ್ಚಿ ಮನೆ ಕಟ್ಟಿಕೊಂಡಿರುವ ಅಮರಗುಂಡಪ್ಪ ಜಗಿಯುವುದನ್ನು ನಿಲ್ಲಿಸಿ ನನ್ನನ್ನು ಮೇಲಿಂದ ಕೆಳಗೆ ನೋಡಿದ.

"ಯಾರಲೇ ಆದಪ್ಪ ಈಕಿ? ಬೀಗರ ಪೈಕಿಯೇನು?"

ಅಪ್ಪನ ಮುಖ ಕಪ್ಪಿಟ್ಟಿತು.

"ನನ್ನ ಮಗಳಲೇ" ಎಂದ. "ನಾಳೆ ಲಿಂಗಸುಗೂರಿಗೆ ಹೊಂಟಾಳ, ಟೈಪಿಂಗಿಗೆ. ಈಗರ ನೋಡ್ಕೊ."