ಅರಿಶಿನ ಬಿದ್ದ ಕಲ್ಲು

ಮಾಗಿಯ ಚಳಿ ಇನ್ನೂ ಬಿಟ್ಟಿರಲಿಲ್ಲ. ಚಾಮರಾಜಪೇಟೆಯ ಬಾಡಿಗೆ ಕೋಣೆಯಲ್ಲಿ ದೊರೆಸ್ವಾಮಿ ಬೆಳಗಿನಿಂದ ಫಿಲ್ಮು ಕತ್ತರಿಸಿ ಅಂಟಿಸುತ್ತ ಕೂತಿದ್ದ. ಸರ್ಕಾರಕ್ಕೆ ಇತಿಹಾಸದ ಸಾಕ್ಷ್ಯಚಿತ್ರ ಮಾಡಿಕೊಡುವುದು ಅವನ ಕಸುಬು. ಬರೆಯುವವನೂ ಅವನೇ, ತೆಗೆಸುವವನೂ ಅವನೇ. ಎಪ್ಪತ್ತನೇ ಇಸವಿಯಲ್ಲಿ ಶುರುಮಾಡಿದ್ದು, ಇದು ಹತ್ತೊಂಬತ್ತನೆಯದು. ಮೊದಮೊದಲು ಹಳೆಯ ಕಲ್ಲೊಂದು ಕಂಡರೆ ಮೈ ಜುಮ್ಮೆನ್ನುತ್ತಿತ್ತು. ಈಗ ಏನೂ ಅನ್ನುತ್ತಿರಲಿಲ್ಲ.

ಫಿಲ್ಮು ನೋಡುವ ಮೆಷಿನ್ನಿನ ಪುಟ್ಟ ಗಾಜಿನ ಮೇಲೆ ಸಿದ್ದಮ್ಮನ ಕಲ್ಲು ಬಂತು. ಸಿದ್ದಮ್ಮ ಹಿಂದಿನ ಬೀದಿಯ ಮಡಿವಾಳರ ಹೆಂಗಸು, ದೊರೆಸ್ವಾಮಿಯ ಮನೆಗೂ ಅವಳದೇ ಒಗೆತ. ಅವಳ ಮಾವನ ಕಾಲದಿಂದ ಬಟ್ಟೆ ಬಡಿಯುತ್ತಿದ್ದ ಹಾಸುಗಲ್ಲನ್ನು ಅಡಿಯಲ್ಲಿ ಹಳೆಯ ಕೆತ್ತನೆ ಇದ್ದೀತೆಂದು ದೀಪಾವಳಿಗೆ ಮುಂಚೆ ಅವನೇ ಮಗುಚಿ ಹಾಕಿಸಿದ್ದ. ಅಡಿಯಲ್ಲಿ ಕುದುರೆ ಏರಿದ ವೀರ, ಮೂರು ಸಾಲು ಅಕ್ಷರ. ಕ್ಯಾಮೆರಾಕ್ಕೆ ಎದ್ದು ಕಾಣಲೆಂದು ಅಕ್ಷರದ ಸಂದಿಗೆ ಸೀಮೆಸುಣ್ಣದ ಪುಡಿ ತುಂಬುವುದು ವಾಡಿಕೆ. ಅವತ್ತು ಪುಡಿ ಮುಗಿದಿತ್ತು. ಸಿದ್ದಮ್ಮನ ಹತ್ತಿರವೇ ಒಂದು ಹಿಡಿ ಅರಿಶಿನ ಇಸಕೊಂಡು ಬಳಿದುಬಿಟ್ಟ.

ಸಂಜೆಯೊಳಗೆ ಯಾರೋ ಎರಡು ದಾಸವಾಳ ಇಟ್ಟಿದ್ದರು. ಶುಕ್ರವಾರ ಕಾಯಿ ಒಡೆದರು. ಇನ್ನು ಅದರ ಮೇಲೆ ಊರವರ ಮೈಲಿಗೆ ಬಟ್ಟೆ ಬಡಿಯುವುದುಂಟೇ? "ವಾರದೊಳಗೆ ಬೇರೆ ಕಲ್ಲು ಹಾಕಿಸಿಕೊಡ್ತೀನಿ" ಎಂದಿದ್ದ ದೊರೆಸ್ವಾಮಿ. ಮೂರು ತಿಂಗಳಾಗಿತ್ತು.

"ಏನ್ ಸ್ವಾಮಿ, ನನ್ನ ಕಲ್ಲನ್ನ ಇಲ್ಲಿ ಕೂಡಿಹಾಕಿದೀರಾ?"

ಸಿದ್ದಮ್ಮ ಬಾಗಿಲಲ್ಲಿ ನಿಂತಿದ್ದಳು, ಕಂಕುಳಲ್ಲಿ ಅವನ ಮನೆಯ ಬಟ್ಟೆಗಂಟು. ಒಳಬಂದು ಗಾಜಿಗೆ ಬಗ್ಗಿದಳು.

"ನಾನೆಲ್ಲಿ ಇದ್ರಲ್ಲಿ?"

"ನೀನು ಕಲ್ಲಿನ ಪಕ್ಕದಲ್ಲೇ ಇದ್ದೆ. ಆಫೀಸಿನವರು ಬೇಡ ಅಂದ್ರು, ಕತ್ತರಿಸಿ ತೆಗೆದೆ."

"ಬಿಡಿ, ಆ ಕುದುರೆ ಮಾರಾಯ್ನಿಗೆ ಜಾಗ ಸಾಲ್ದೇನೋ. ಕಲ್ಲು ಯಾವಾಗ?"

"ಈ ಚಿತ್ರ ಒಂದು ಪಾಸಾಗ್ಲಿ ಸಿದ್ದಮ್ಮ."

"ಸಂಕ್ರಾಂತಿಗೂ ಹಿಂಗೇ ಅಂದ್ರಿ. ಸಿಮೆಂಟು ಕಟ್ಟೆ ಮೇಲೆ ಒಗ್ದು ಬಟ್ಟೆಯೆಲ್ಲ ಪಿಸೀತು. ಆರು ಮನೆಯವರು ಒಗೆತ ಬಿಡಿಸಿದ್ರು. ನಿಮ್ಮ ವೀರ ಏನು ಪಂಚೆ ಉಟ್ಕೊಂಡು ಬಂದು ನಂಗೆ ಒಗೆಯೋಕೆ ಹಾಕ್ತಾನಾ?"

ನಗಬೇಕಿತ್ತು, ನಗು ಬರಲಿಲ್ಲ. ನಾಚಿಕೆಯಾದರೂ ಆಗಬೇಕಿತ್ತು. ಕಾದು ನೋಡಿದ, ಅದೂ ಬರಲಿಲ್ಲ. ಕೈ ತಾನಾಗಿ ಫಿಲ್ಮಿನ ಅಂಚು ಸವರುತ್ತಿತ್ತು.

ಅವಳು ಗಂಟನ್ನು ಬೆಂಚಿನ ಮೇಲಿಟ್ಟಳು. "ಸೋಮವಾರದಿಂದ ಬಸವನಗುಡೀಲಿ ಒಂದು ಮನೆಗೆ ಮುಸುರೆ ತಿಕ್ಕೋಕೆ ಹೋಗ್ತೀನಿ. ಇನ್ನು ಕಲ್ಲು ತರಿಸ್ಬೇಡಿ ಸ್ವಾಮಿ. ತರಿಸಿದ್ರೂ ಒಗೆಯೋರಿಲ್ಲ."

"ಹಂಗಲ್ಲ ಸಿದ್ದಮ್ಮ..." ಎಂದ. ಅವಳು ಕಾಯದೆ ಹೊರಟುಹೋದಳು.

ಮಧ್ಯಾಹ್ನಕ್ಕೆ ನಿರೂಪಣೆ ಕೊಡಬೇಕಿತ್ತು. ಹಾಳೆ ಎಳೆದುಕೊಂಡು ಕಲ್ಲಿನ ದೃಶ್ಯಕ್ಕೆ ಬರೆದ: 'ಈ ವೀರನನ್ನು ಇಲ್ಲಿನ ಜನ ಇಂದಿಗೂ ಭಕ್ತಿಯಿಂದ ಪೂಜಿಸುತ್ತಾರೆ.'

ಓದಿಕೊಂಡ. ಸುಳ್ಳೇನಿರಲಿಲ್ಲ. ಒಂದಕ್ಷರ ಹೊಡೆದುಹಾಕದೆ ಮುಂದಿನ ದೃಶ್ಯಕ್ಕೆ ಹೋದ.