ಮೆಲ್ಚೋರಾಳ ಮೇಯರ್ ಸಾಹೇಬರು

ಆ ವರ್ಷ ಕಡಲು ಬೆಚ್ಚಗಾಗಿಬಿಟ್ಟಿತು. ಕಾಲಿಟ್ಟರೆ ಮೈ ಜುಮ್ಮೆನ್ನಬೇಕಾದ ಸಾಂತಾ ರುಫಿನಾದ ನೀರು ಸ್ನಾನಕ್ಕೆ ಕಾಯಿಸಿಟ್ಟ ಹಾಗಿತ್ತು. ಪೆರುವಿನ ಉತ್ತರ ಕರಾವಳಿಯವರಿಗೆ ಇದೇನೂ ಹೊಸತಲ್ಲ. ಕೆಲವು ವರ್ಷಕ್ಕೊಮ್ಮೆ ಹೀಗಾಗುತ್ತದೆ. ಬೆರಳುದ್ದದ ಆಂಚೊವಿ ಮೀನಿನ ಹಿಂಡುಗಳು ತಂಪು ಹುಡುಕಿಕೊಂಡು ಎಲ್ಲೋ ಹೊರಟುಹೋಗುತ್ತವೆ, ಅವನ್ನೇ ನಂಬಿದ ಹೆಜ್ಜಾರ್ಲೆಗಳು ಹಸಿವು ತಾಳಲಾರದೆ ದ್ವೀಪ ಬಿಟ್ಟು ಊರೊಳಕ್ಕೆ ಬರುತ್ತವೆ. ಮೀನು ಮಾರುಕಟ್ಟೆ, ಬಸ್ ನಿಲ್ದಾಣ, ಇಗರ್ಜಿಯ ಮೆಟ್ಟಿಲು, ಎಲ್ಲಿ ನೋಡಿದರೂ ಉದ್ದ ಕೊಕ್ಕನ್ನು ಎದೆಗೊತ್ತಿಕೊಂಡು ನಿಂತ ಹಕ್ಕಿಗಳೇ. ಜನ ಕನಿಕರಪಟ್ಟು ಒಂದೆರಡು ದಿನ ಮೀನಿನ ತಲೆ ಎಸೆದರು. ಆಮೇಲೆ ತಮಗೇ ಮೀನು ಸಾಲದಾದಾಗ ಪೊರಕೆ ಎತ್ತಿಕೊಂಡರು.

ಮೆಲ್ಚೋರಾ ಕೆರೆವಾಲು ತನ್ನ ತಂಗಿಯನ್ನು ಮಣ್ಣು ಮಾಡಿ ಬಂದದ್ದು ಅದೇ ಬೇಸಿಗೆಯಲ್ಲಿ.

ಅಕ್ಕತಂಗಿಯರಿಬ್ಬರೂ ಮದುವೆಯಾದವರಲ್ಲ. ತಾಯಿಯಿಂದ ಬಂದ, ನಿಂಬೆರಸದಲ್ಲಿ ಕಲಸಿದ ಮೀನಿನ ಸೆವಿಚೆ ಅಂಗಡಿಯನ್ನು ದಡದ ಮೇಲೆ ನಡೆಸಿಕೊಂಡಿದ್ದರು. ಒಳಗೆ ಮೆಲ್ಚೋರಾ; ಹಸಿ ಮೀನು ಹೆಚ್ಚುವುದು, ನಿಂಬೆ ಹಿಂಡುವುದು, ಮೆಣಸಿನಕಾಯಿ ಅರೆಯುವುದು ಅವಳ ಪಾಲು. ಹೊರಗೆ ಫ್ಲೊರಿಂದಾ, ಬಂದವರನ್ನು ಕೂರಿಸುವುದು, ಅವರ ಸೊಸೆಯ ಬಾಣಂತನ ವಿಚಾರಿಸುವುದು, ನಗಿಸುವುದು, ಒಂದು ತಟ್ಟೆ ತಿನ್ನಲು ಬಂದವನಿಗೆ ಎರಡು ತಟ್ಟೆ ತಿನ್ನಿಸಿ ಕಳಿಸುವುದು. ಮೆಲ್ಚೋರಾಳ ಮುಖವನ್ನು ಎಷ್ಟೋ ಗಿರಾಕಿಗಳು ಸರಿಯಾಗಿ ನೋಡಿರಲೇ ಇಲ್ಲ. ಒಳಗಿನಿಂದ ಬರುವ ಬೈಗುಳ ಮಾತ್ರ ಎಲ್ಲರಿಗೂ ಪರಿಚಯ. "ಹರಟೆ ಸಾಕು, ತಟ್ಟೆ ತಗೊಂಡು ಹೋಗೇ!" ಎಂದು ಅವಳು ಕೂಗಿದರೆ, "ಬಂದೆ ಮಹಾರಾಣಿ!" ಎಂದು ಫ್ಲೊರಿಂದಾ ಗಿರಾಕಿಗಳತ್ತ ಕಣ್ಣು ಮಿಟುಕಿಸುತ್ತಿದ್ದಳು.

ಆ ಫ್ಲೊರಿಂದಾ ಒಂದು ಬೆಳಗ್ಗೆ ಗೆಣಸು ಸುಲಿಯುತ್ತ ಕೂತವಳು ಹಾಗೇ ಗೋಡೆಗೆ ಒರಗಿದಳು. ಮತ್ತೆ ಏಳಲಿಲ್ಲ.

ಮಣ್ಣು ಮಾಡುವಾಗ ಮೆಲ್ಚೋರಾಳ ಕಣ್ಣಲ್ಲಿ ಒಂದು ಹನಿ ಬರಲಿಲ್ಲ. ಬಂದವರಿಗೆಲ್ಲ ಊಟ ಬಡಿಸಿ, ಯಾರು ಸರಿಯಾಗಿ ತಿನ್ನಲಿಲ್ಲವೋ ಅವರನ್ನು ಗದರಿಸಿ, ಮರುದಿನವೇ ಅಂಗಡಿಯ ಬಾಗಿಲು ತೆಗೆದಳು. ದುಃಖ ಎಂಬುದು ಮೈಗಳ್ಳರಿಗೆ ಬರುವ ಕಾಯಿಲೆ, ಕೈಗೆ ಕೆಲಸವಿದ್ದರೆ ಅದು ಹತ್ತಿರ ಸುಳಿಯುವುದಿಲ್ಲ ಎಂದು ಅವಳು ಖಚಿತವಾಗಿ ನಂಬಿದ್ದಳು. ಹೆಚ್ಚುವವಳೂ ಅವಳೇ, ಬಡಿಸುವವಳೂ ಅವಳೇ. ಮಾತಿಲ್ಲದೆ, ಮುಖ ಗಂಟಿಕ್ಕಿಕೊಂಡು ತಟ್ಟೆಯನ್ನು ದಪ್ಪೆಂದು ಮೇಜಿನ ಮೇಲಿಡುತ್ತಿದ್ದಳು. ಗಿರಾಕಿಗಳು ಒಬ್ಬೊಬ್ಬರಾಗಿ ಬರುವುದು ಬಿಟ್ಟರು. ಕಡೆಗೆ ಉಳಿದದ್ದು ದೋಣಿಯ ನೊಲ್ಬೆರ್ತೊ ಎಚೆ ಒಬ್ಬನೇ. ಅವನಿಗೆ ಬೇರೆ ಕಡೆ ತಿಂದರೆ ಹೊಟ್ಟೆ ಕೆಡುತ್ತಿತ್ತು.

ಹೀಗಿರುವಾಗ ಒಂದು ಮಧ್ಯಾಹ್ನ ಒಂದು ಹೆಜ್ಜಾರ್ಲೆ ನೇರವಾಗಿ ಅಂಗಡಿಯೊಳಗೆ ನಡೆದು ಬಂತು. ಮೆಲ್ಚೋರಾ ಪೊರಕೆಯಿಂದ ಅಟ್ಟಿದಳು. ಅದು ಹೊರಗೆ ಹೋಗಿ, ಬಾಗಿಲ ಬಳಿ ಸುತ್ತು ಹಾಕಿ, ಮತ್ತೆ ಒಳಗೆ ಬಂತು. ಮತ್ತೆ ಅಟ್ಟಿದಳು. ಮತ್ತೆ ಬಂತು. ಸಿಟ್ಟಿಗೆ ಬಂಗುಡೆಯ ತಲೆಯೊಂದನ್ನು ಅದರ ಮೇಲೆ ಬೀಸಿ ಒಗೆದಳು. ಹಕ್ಕಿ ಗಾಳಿಯಲ್ಲೇ ಹಿಡಿಯಿತು. ಹಿಡಿದದ್ದು ಕೊಕ್ಕಿನಡಿಯ ಚೀಲದಿಂದ ತಟಕ್ಕನೆ ನೆಲಕ್ಕೆ ಬಿತ್ತು. ಹಕ್ಕಿ ಬಗ್ಗಿ ಎತ್ತಿಕೊಂಡಿತು. ಮತ್ತೆ ಬಿತ್ತು. ಮೆಲ್ಚೋರಾ ಪೊರಕೆ ಹಿಡಿದುಕೊಂಡೇ ನೋಡುತ್ತ ನಿಂತಳು. ಚೀಲ ಒಂದು ಕಡೆ ಅಂಗೈಯಗಲ ಸೀಳಿಹೋಗಿತ್ತು. ಯಾವ ದೋಣಿಯ ಕೊಕ್ಕೆ ಸಿಕ್ಕಿತ್ತೋ ಏನೋ. ಮೀನು ಬಾಯಿಗೆ ಬಂದರೂ ಹೊಟ್ಟೆಗೆ ಹೋಗುವ ಹಾಗಿರಲಿಲ್ಲ. ಆದರೆ ಹಕ್ಕಿ ಮಾತ್ರ ಪಟ್ಟು ಬಿಡದೆ ಅದೇ ತಲೆಯನ್ನು ಎತ್ತುತ್ತ, ಬೀಳಿಸುತ್ತ, ಎತ್ತುತ್ತ ಇತ್ತು.

"ದಡ್ಡ ಮುಂಡೇದೆ," ಎಂದಳು ಮೆಲ್ಚೋರಾ. "ಬಿದ್ದುಹೋಗುತ್ತೆ ಅಂತ ಇನ್ನೂ ಗೊತ್ತಾಗಲಿಲ್ವಾ ನಿಂಗೆ?"

ಹಕ್ಕಿ ಅವಳನ್ನೊಮ್ಮೆ ನೋಡಿ, ಮತ್ತೆ ಎತ್ತಿಕೊಂಡಿತು.

ಅವಳು ಪೊರಕೆಯನ್ನು ಮೂಲೆಗಿಟ್ಟು, ಅಂಗಡಿಯ ಹಿಂದಿನ ಕೋಣೆಗೆ ಹೋದಳು. ಫ್ಲೊರಿಂದಾ ಸತ್ತ ಮೇಲೆ ಆ ಕೋಣೆಯಲ್ಲಿ ಮಲಗುತ್ತಿದ್ದಳೇ ಹೊರತು ತಂಗಿಯ ಯಾವ ವಸ್ತುವನ್ನೂ ಮುಟ್ಟಿರಲಿಲ್ಲ. ಕಿಟಕಿಯ ಕಟ್ಟೆಯ ಮೇಲೆ ಕಸೂತಿಯ ಡಬ್ಬಿ ಇತ್ತು. ಅದರ ಮೇಲೆ ಮಡಿಸಿಟ್ಟ ಮೇಜುಬಟ್ಟೆ. ಒಂದು ಮೂಲೆಯಲ್ಲಿ ಕೆಂಪು ಹೂವು, ನಾಲ್ಕು ಎಸಳು ಮುಗಿದು ಐದನೆಯದು ಅರ್ಧಕ್ಕೆ ನಿಂತಿತ್ತು. ಸೂಜಿ ಇನ್ನೂ ಅಲ್ಲೇ ಚುಚ್ಚಿಕೊಂಡಿತ್ತು. ಮೆಲ್ಚೋರಾ ಸೂಜಿಗೆ ಕೈ ಹಾಕಿದಳು, ಹಿಂದಕ್ಕೆ ಎಳೆದುಕೊಂಡಳು, ಮತ್ತೆ ಹಾಕಿದಳು. ಕಡೆಗೆ ಅರ್ಧ ಎಸಳಿನಿಂದ ದಾರವನ್ನು ಕತ್ತರಿಸಿ ಸೂಜಿಯನ್ನು ಕಿತ್ತುಕೊಂಡಳು. "ಆಮೇಲೆ," ಎಂದು ತನಗೇ ಹೇಳಿಕೊಂಡು ಹೊರಗೆ ಬಂದಳು.

ಊಟಕ್ಕೆ ಬಂದ ನೊಲ್ಬೆರ್ತೊ ಬಾಗಿಲಲ್ಲೇ ಸಿಕ್ಕಿಬಿದ್ದ.

"ಬಾ ಇಲ್ಲಿ. ಈ ಕೊಕ್ಕು ಹಿಡ್ಕೊ."

"ಇದಕ್ಕೆ ಹೊಲಿಗೆ ಹಾಕ್ತೀಯಾ ಅಕ್ಕಾ? ಕತ್ತು ಹಿಸುಕಿದ್ರೆ ಅದಕ್ಕೂ ನೆಮ್ಮದಿ, ನಿಂಗೂ ನೆಮ್ಮದಿ."

"ನಿನ್ನ ಕತ್ತು ಹಿಸುಕಿದ್ರೆ ಊರಿಗೇ ನೆಮ್ಮದಿ. ಗಟ್ಟಿಯಾಗಿ ಹಿಡ್ಕೊ ಅಂದೆ."

ನೊಲ್ಬೆರ್ತೊ ಹಕ್ಕಿಯನ್ನು ಕಂಕುಳಲ್ಲಿ ಅವುಚಿಕೊಂಡ. ರೆಕ್ಕೆಯ ಏಟಿಗೆ ಎರಡು ತಟ್ಟೆ ಒಡೆದವು, ಅವನ ಟೋಪಿ ಬೀದಿಗೆ ಹಾರಿತು. ಮೆಲ್ಚೋರಾಳಿಗೆ ಹೊಲಿಗೆ ಬರುತ್ತಿರಲಿಲ್ಲ. ಚಾಕು ಹಿಡಿದ ಕೈ ಅದು. ಸೊಟ್ಟಪಟ್ಟ ಹೊಲಿಗೆ ಹಾಕಿ, ಫ್ಲೊರಿಂದಾ ಇದನ್ನು ನೋಡಿದ್ದರೆ ವರ್ಷವಿಡೀ ಗೇಲಿ ಮಾಡುತ್ತಿದ್ದಳು ಎಂದುಕೊಂಡಳು. ಕಸೂತಿ ದಾರ ನೀರಿಗೆ ನೆನೆದು ವಾರದೊಳಗೆ ಬಿಟ್ಟುಹೋಯಿತು. ಎರಡನೆಯ ಸಲ ನೊಲ್ಬೆರ್ತೊನ ಬಲೆಯ ದಾರದಿಂದ ಹೊಲಿದಳು. ಅದು ನಿಂತಿತು. ಅಂದು ಹೆಜ್ಜಾರ್ಲೆ ಒಂದು ಇಡೀ ಬಂಗುಡೆಯನ್ನು ನುಂಗಿ, ಅದು ಕೆಳಗೆ ಬೀಳುತ್ತದೇನೋ ಎಂದು ಕಾಲ ಬುಡವನ್ನೇ ತುಂಬಾ ಹೊತ್ತು ನೋಡುತ್ತ ನಿಂತಿತು.

ಆಮೇಲೆ ಅದು ಅಂಗಡಿ ಬಿಟ್ಟು ಹೋಗಲಿಲ್ಲ. ಬೆಳಗ್ಗೆ ಮೆಲ್ಚೋರಾ ಮೀನು ತರಲು ದಡಕ್ಕೆ ಹೊರಟರೆ ಹಿಂದೆಯೇ ಪಟಪಟನೆ ಹೆಜ್ಜೆ ಹಾಕುತ್ತಿತ್ತು. ಅವಳು ಹೆಚ್ಚುವಾಗ ಬಾಗಿಲಿಗೆ ಬೆನ್ನು ಹಾಕಿ, ಅವಳತ್ತ ಮುಖ ಮಾಡಿ ನಿಲ್ಲುತ್ತಿತ್ತು. ಅವಳಿಗೂ ಬಾಯಿ ಬಂತು. ಹುಟ್ಟಿದಾಗಿನಿಂದ ಒಬ್ಬಳನ್ನು ಬೈದುಕೊಂಡೇ ಬದುಕಿದವಳು, ಇಷ್ಟು ದಿನ ಬೈಯಲು ಯಾರೂ ಇಲ್ಲದೆ ಗಂಟಲು ಕಟ್ಟಿಕೊಂಡಿದ್ದಳು.

ಬಿದಿರು ತಟ್ಟಿಯ ಆಚೆ ಮೀನು ಕರಿಯುವ ದೊಮಿತಿಲಾಳ ಅಂಗಡಿ. ಊರಿನ ಸುದ್ದಿಯೆಲ್ಲ ಮೊದಲು ಅವಳ ಬಾಯಿಗೆ ಬಂದು ಆಮೇಲೆ ಊರಿಗೆ ಹೋಗುತ್ತಿತ್ತು. ತಟ್ಟಿಯ ಆಚೆಯಿಂದ ಅವಳಿಗೆ ಮೆಲ್ಚೋರಾಳ ದನಿ ಕೇಳಿಸಿತು.

"ನೆಟ್ಟಗೆ ನಿಂತ್ಕೊ! ಬೆಳಗ್ಗೆಯಿಂದ ಒಂದು ಕೆಲಸ ಮಾಡಿದೀಯಾ? ಎಲ್ಲ ನಾನೇ ಮಾಡಬೇಕು. ನೀನು ಬಾಗಿಲಲ್ಲಿ ಚೆಂದಾಗಿ ನಿಂತಿರು!"

ದೊಮಿತಿಲಾ ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡು ಓಡಿಬಂದಳು. "ಮೆಲ್ಚೋರಕ್ಕಾ, ಬೇಡ ಕಣಕ್ಕಾ. ಸತ್ತೋರನ್ನ ಹಂಗೆಲ್ಲ ಬೈಬಾರದು. ಪಾಪ, ಫ್ಲೊರಿಂದಾ..."

"ಸತ್ತೋರನ್ನ ಯಾರೇ ಬೈದ್ರು? ಈ ಸೋಮಾರೀನ ಬೈತಿದೀನಿ."

ದೊಮಿತಿಲಾ ಹಕ್ಕಿಯನ್ನು ಮೇಲಿಂದ ಕೆಳಗಿನವರೆಗೆ ನೋಡಿದಳು. ಹೊಟ್ಟೆ ಮುಂದೆ ಬಂದಿತ್ತು, ರೆಕ್ಕೆಗಳು ಹಿಂದೆ ಕೈಕಟ್ಟಿದ ಹಾಗಿದ್ದವು. "ಅಯ್ಯೋ ದೇವ್ರೇ, ಥೇಟ್ ನಮ್ಮ ಮೇಯರ್ ಸಾಹೇಬ್ರು ಕಣಕ್ಕಾ! ಕೊಟ್ಟಿದ್ದೆಲ್ಲ ನುಂಗೋದು, ಕೇಳಿದ್ರೆ ಮಾತಿಲ್ಲ."

ಅಂದಿನಿಂದ ಅದು ಮೇಯರ್ ಸಾಹೇಬರಾಯಿತು. ಮೇಯರ್ ಸಾಹೇಬರನ್ನು ನೋಡಲು ಜನ ಬಂದರು. ಬಂದವರು ತಿಂದೂ ಹೋದರು. ನಿಜವಾದ ಮೇಯರರ ಕಚೇರಿಯಿಂದ ಒಬ್ಬ ಅಧಿಕಾರಿ ಬಂದು, ತಿಂಡಿ ಅಂಗಡಿಯಲ್ಲಿ ಹಕ್ಕಿ ಇರಕೂಡದು ಎಂದ. "ಅದು ಬಾಗಿಲಿಂದಾಚೆ ನಿಂತಿದೆ. ಕಡಲ ದಂಡೇಲಿ ಹಕ್ಕಿ ನಿಲ್ಲಬಾರದು ಅಂತ ಕಾನೂನಿದ್ರೆ ತಗೊಂಡು ಬನ್ನಿ," ಎಂದಳು ಮೆಲ್ಚೋರಾ. ಆಮೇಲೆ ಹಕ್ಕಿ ಬಾಗಿಲ ಆಚೆಯೇ ನಿಲ್ಲುವ ಹಾಗೆ ಹೊಸ್ತಿಲಿಗೆ ಹಲಗೆ ಹೊಡೆದಳು. ಅಧಿಕಾರಿ ಒಂದು ತಟ್ಟೆ ತಿಂದು, ಇನ್ನೊಂದನ್ನು ಮನೆಗೆ ಕಟ್ಟಿಸಿಕೊಂಡು ಹೋದ.

ಮಳೆಗಾಲ ಕಳೆದು ಕಡಲು ಮತ್ತೆ ತಣ್ಣಗಾಯಿತು. ಆಂಚೊವಿ ಹಿಂಡುಗಳು ಬಂದವೆಂದು ದೋಣಿಯವರು ಸುದ್ದಿ ತಂದರು. ಬದುಕಿ ಉಳಿದ ಹೆಜ್ಜಾರ್ಲೆಗಳೆಲ್ಲ ಒಂದೊಂದು ಸಾಲಾಗಿ ದ್ವೀಪಕ್ಕೆ ಹಾರಿದವು. ಮೇಯರ್ ಸಾಹೇಬರು ಮಾತ್ರ ಬಾಗಿಲ ಬಳಿ ನಿಂತು, ಬಂದವರು ಕೊಟ್ಟದ್ದನ್ನು ನುಂಗುತ್ತ ಇನ್ನಷ್ಟು ದಪ್ಪಗಾದರು. ಒಂದು ದಿನ ಮೇಜಿನೆತ್ತರದ ಕಟ್ಟೆಗೆ ಹಾರಲು ಹೋಗಿ ಜಾರಿ ಬಿದ್ದರು. ನೋಡಿದವರೆಲ್ಲ ನಕ್ಕರು. ಮೆಲ್ಚೋರಾಳಿಗೆ ನಗು ಬರಲಿಲ್ಲ.

"ಹೀಗೇ ಬಿಟ್ರೆ ಮೀನು ಹಿಡಿಯೋದೇ ಮರೆತುಬಿಡುತ್ತೆ ಅಕ್ಕಾ," ಎಂದ ನೊಲ್ಬೆರ್ತೊ.

"ನಂಗೊತ್ತು."

"ಇಟ್ಕೊಂಡ್ರೂ ಯಾರೂ ಏನೂ ಅನ್ನಲ್ಲ. ನಿಂಗೂ ಜೊತೆ..."

"ಜೊತೆಗೆ ಅಂತ ಒಂದು ಹಕ್ಕೀನ ಕೋಳಿ ಮಾಡಿಡ್ಲಾ? ನಾಳೆ ಬೆಳಗ್ಗೆ ನಿನ್ನ ದೋಣಿಲಿ ನಂಗೆ ಜಾಗ ಬೇಕು. ಇದಕ್ಕೂ."

ಮರುದಿನ ಬಿಸಿಲೇರುವ ಹೊತ್ತಿಗೆ ದೋಣಿ ದ್ವೀಪದ ಹತ್ತಿರ ಬಂತು. ನೀರು ಕುದಿಯುವ ಹಾಗೆ ಆಂಚೊವಿ ಮಿಂಚುತ್ತಿತ್ತು. ಸುತ್ತ ನೂರಾರು ಹೆಜ್ಜಾರ್ಲೆಗಳು ಮೇಲಿಂದ ಕಲ್ಲು ಬಿದ್ದಂತೆ ಧುಮುಕುತ್ತಿದ್ದವು. ಮೇಯರ್ ಸಾಹೇಬರು ದೋಣಿಯ ಅಂಚಿನಲ್ಲಿ ನಿಂತು, ಇದು ಯಾರದೋ ಮದುವೆ ಎಂಬಂತೆ ನೋಡುತ್ತಿದ್ದರು. ನಡುನಡುವೆ ಹಿಂತಿರುಗಿ ಮೆಲ್ಚೋರಾಳ ಕೈ ನೋಡುತ್ತಿದ್ದರು.

"ನನ್ನ ಕೈಯಲ್ಲಿ ಏನೂ ಇಲ್ಲ. ಅಲ್ಲಿದೆ, ನೋಡು. ಹೋಗು."

ಹಕ್ಕಿ ಕದಲಲಿಲ್ಲ. ಅವಳು ಬೆನ್ನಿಗೆ ಕೈ ಕೊಟ್ಟು ತಳ್ಳಿದಳು. ಅದು ನೀರಿಗೆ ಬಿದ್ದು, ಈಜಿಕೊಂಡು ಬಂದು ಕೊಕ್ಕನ್ನು ಮತ್ತೆ ಅವಳ ಮಡಿಲ ಹತ್ತಿರ ಚಾಚಿತು.

"ಹೋಗು ಅಂದ್ರೆ ಹೋಗು!" ಅವಳ ದನಿ ಏರಿತು. "ಎಲ್ಲರೂ ಹೋಗಲ್ವಾ? ಹೋಗೋದೇನು ದೊಡ್ಡ ವಿದ್ಯೆನಾ? ಅವಳು ಹೋಗಲಿಲ್ವಾ, ಒಂದು ಮಾತು ಹೇಳದೆ? ಗೆಣಸು ಅರ್ಧಕ್ಕೆ ಬಿಟ್ಟು, ನನ್ನೊಬ್ಬಳನ್ನೇ ಬಿಟ್ಟು! ಮಹಾರಾಣಿ ಅಂತೆ, ಮಹಾರಾಣಿ! ಹೊರಗೆ ಯಾರೇ ನೋಡ್ಕೋತಾರೆ? ರಾತ್ರಿ ಯಾರ ಹತ್ರ ಜಗಳ ಆಡಲಿ ನಾನು? ಫ್ಲೊರಿಂದಾ, ಯಾರ ಹತ್ರ ಆಡಲೇ?"

ಮೆಲ್ಚೋರಾ ದೋಣಿಯ ತಳದಲ್ಲಿ, ಒದ್ದೆ ಬಲೆಯ ಮೇಲೆ ಕುಸಿದು ಕೂತು ಗೋಳೋ ಎಂದು ಅತ್ತಳು. ಮುಖ ಮುಚ್ಚಿಕೊಂಡು, ಮೂಗು ಸುರಿಸಿಕೊಂಡು, ಮಣ್ಣು ಮಾಡುವ ದಿನ ಅಳದಿದ್ದುದನ್ನೆಲ್ಲ ಸೇರಿಸಿ ಅತ್ತಳು. ನೊಲ್ಬೆರ್ತೊ ದೋಣಿಯನ್ನು ಅಲೆಗೆ ಸರಿಯಾಗಿ ಹಿಡಿದುಕೊಂಡು ಕೂತಿದ್ದ.

ಅವಳು ಕಣ್ಣೊರೆಸಿ ತಲೆ ಎತ್ತಿದಾಗ ದೋಣಿಯ ಪಕ್ಕದಲ್ಲಿ ಹಕ್ಕಿ ಇರಲಿಲ್ಲ.

"ಎಲ್ಲಿ?"

"ಹಿಡೀತು ಅಕ್ಕಾ! ಮೊದಲನೇ ಸಲ ಹೊಟ್ಟೆ ಅಡಿಯಾಗಿ ಬಿತ್ತು, ದಬಾರ್ ಅಂತ. ಎರಡನೇ ಸಲ ಚೀಲ ತುಂಬ ಮೀನು. ಒಂದೂ ಸೋರಲಿಲ್ಲ. ನೋಡಲಿಲ್ವಾ ನೀನು?"

"ಹೇಗೋ ನೋಡ್ಲಿ, ಅಳ್ತಾ ಇದ್ದೋಳು! ಕರೀಬಾರದಿತ್ತಾ?"

"ಅಳೋರನ್ನ ಹೇಗಕ್ಕಾ ಕರೆಯೋದು?"

"ಭುಜ ಹಿಡಿದು ಅಲ್ಲಾಡಿಸಬೇಕು! ಇಷ್ಟು ದೂರ ಬಂದಿದ್ದು ಯಾತಕ್ಕೆ?" ಎಂದು ಅವನನ್ನು ಬೈಯುತ್ತ, ಕೈಯನ್ನು ಹಣೆಗೆ ಅಡ್ಡ ಹಿಡಿದು ಹುಡುಕಿದಳು. ನೂರಾರು ಹಕ್ಕಿಗಳ ನಡುವೆ ಯಾವುದು ತನ್ನದೆಂದು ಗುರುತು ಸಿಗಲಿಲ್ಲ. ಎಲ್ಲವೂ ಒಂದೇ ಥರ ಧುಮುಕುತ್ತಿದ್ದವು, ಒಂದೇ ಥರ ನುಂಗುತ್ತಿದ್ದವು. ಅದನ್ನು ಕಂಡು ಅವಳಿಗೆ ಸಮಾಧಾನವಾಯಿತು. ಗುರುತು ಸಿಗದಷ್ಟು ಹಕ್ಕಿಯಾಗಿತ್ತು ಅದು.

ದಡಕ್ಕೆ ಬಂದವಳೇ ನೇರ ದೊಮಿತಿಲಾಳ ಅಂಗಡಿಗೆ ನಡೆದಳು. ಮೀನು ಕಡಿಮೆಯಾದ ತಿಂಗಳುಗಳಲ್ಲಿ ದೊಮಿತಿಲಾ ಒಲೆ ಹಚ್ಚುವುದನ್ನೇ ನಿಲ್ಲಿಸಿದ್ದಳು. ಬೆಳಗಿನಿಂದ ಸಂಜೆಯವರೆಗೆ ಹೊಸ್ತಿಲಲ್ಲಿ ಕೂತು ಹೋಗಿಬರುವವರನ್ನು ಮಾತಾಡಿಸುವುದಷ್ಟೇ ಉಳಿದಿತ್ತು.

"ದೊಮಿತಿಲಾ, ನಿನ್ನ ಬಾಯಿ ಸುಮ್ನೆ ಹಾಳಾಗ್ತಿದೆ. ನಮ್ಮ ಅಂಗಡೀಲಿ ಹೊರಗಡೆ ನೋಡ್ಕೊ. ಒಳಗೆ ಬರಬೇಡ."

"ನೀನು ಬೈತೀಯಲ್ಲಕ್ಕಾ."

"ಬೈತೀನಿ. ನೀನೂ ಬೈ. ಯಾರು ಬೇಡ ಅಂದ್ರು?"

ಇಬ್ಬರೂ ಸೇರಿ ನಡುವಿನ ಬಿದಿರು ತಟ್ಟಿಯನ್ನು ಕಿತ್ತುಹಾಕಿದರು. ಎರಡು ಅಂಗಡಿ ಒಂದಾಯಿತು. ಮೇಜುಗಳನ್ನು ಎಲ್ಲಿಡಬೇಕೆಂದು ಮೊದಲ ದಿನವೇ ಜಗಳವಾಯಿತು, ದಡದ ತುಂಬ ಕೇಳಿಸುವ ಹಾಗೆ. ಹಳೆಯ ಗಿರಾಕಿಗಳು ಆ ಸದ್ದು ಕೇಳಿಯೇ ಒಬ್ಬೊಬ್ಬರಾಗಿ ಇಣುಕಿದರು, ಕೂತರು, ತಿಂದರು.

ಒಂದು ಮಧ್ಯಾಹ್ನ ತಟ್ಟೆ ಒಯ್ಯಲು ಒಳಗೆ ಬಂದ ದೊಮಿತಿಲಾ, ಮೆಲ್ಚೋರಾಳ ಕೆನ್ನೆ ಒದ್ದೆಯಾಗಿದ್ದನ್ನು ನೋಡಿದಳು.

"ಈರುಳ್ಳಿ ಖಾರ ಇದೆಯೇನಕ್ಕಾ?"

"ಈರುಳ್ಳಿ ಅಲ್ಲ ಕಣೆ. ಫ್ಲೊರಿಂದಾ."

"ಹಾಗಾದ್ರೆ ಅತ್ತುಬಿಡು. ಅಲ್ಲಿತನಕ ಮೀನು ನಾನು ಕಲಸ್ತೀನಿ."

"ನೀನು ಕಲಸಿದ್ರೆ ಉಪ್ಪು ಜಾಸ್ತಿಯಾಗುತ್ತೆ," ಎಂದಳು ಮೆಲ್ಚೋರಾ, ಕಣ್ಣೀರು ಒರೆಸಿಕೊಳ್ಳುವ ಗೋಜಿಗೆ ಹೋಗದೆ. "ತಟ್ಟೆ ತಗೊಂಡು ಹೋಗು. ಜನ ಕಾಯ್ತಿದಾರೆ."